ಗಡಿ ದಾಟಿದ ಬಾಣಲೆ

ಸೋಮವಾರ ಸಂಜೆ ಶಿಕಾರಿಪುರದಿಂದ ಸೊರಬಕ್ಕೆ ಹೋಗುವ ಬಸ್ಸು ಮತ್ತಿಕೊಪ್ಪದ ಆಲದ ಮರದ ಬುಡದಲ್ಲಿ ನಿಂತಿತು. ಯಾರೂ ಇಳಿಯಲಿಲ್ಲ, ಯಾರೂ ಹತ್ತಲಿಲ್ಲ. ಕಂಡಕ್ಟರ್ ಉಜ್ಜಪ್ಪ ಬಾಗಿಲಿಗೆ ಜೋತುಬಿದ್ದು, ಕೊಡ ಹೊತ್ತು ಬರುತ್ತಿದ್ದ ಹಾಲಮ್ಮನನ್ನು ಕೂಗಿದ.

“ಏ ಹಾಲವ್ವ, ನಿಮ್ಮ ಇಂಜಿನಿಯರ್ ಅಮ್ಮಾರ ಜೀಪು ಶಿಕಾರಿಪುರದಾಗ ಕೆಟ್ಟು ನಿಂತೈತಿ. ಇವತ್ತು ಬರಾದಿಲ್ಲಂತೆ. ನಾಳೆ ಮಧ್ಯಾಹ್ನ ಬರ್ತಾರಂತೆ. ಮೀನು ತಯಾರಿರ್ಲಿ ಅಂದ್ರು.”

“ನಾಳೆ ಮಂಗಳವಾರ ಅಲ್ಲೇನಣ್ಣ?”

“ಸೋಮವಾರ ಆದಮ್ಯಾಲೆ ಅದೇ ಬರಾದು,” ಎಂದು ಉಜ್ಜಪ್ಪ ಸೀಟಿ ಊದಿದ.

ಹಾಲಮ್ಮ ಕೊಡವನ್ನು ನೆಲಕ್ಕಿಳಿಸಿದಳು. ಬಸ್ಸು ಹೋಗಿ, ಅದರ ಹಿಂದೆ ಎದ್ದ ಧೂಳೂ ಹೋಗುವ ತನಕ ಅಲ್ಲೇ ನಿಂತಿದ್ದಳು.

ಮಂಗಳವಾರದ ಸಂಗತಿ ಹೀಗಿತ್ತು. ಮತ್ತಿಕೊಪ್ಪದವರು ಆ ಬೇಸಿಗೆಯಲ್ಲಿ ಮಾರಮ್ಮನಿಗೆ ಐದು ವಾರ ಹಿಡಿದಿದ್ದರು. ವಾರದ ದಿನ ಊರ ಗಡಿಯೊಳಗೆ ನೇಗಿಲು ಹೂಡುವಂತಿರಲಿಲ್ಲ, ಒನಕೆ ಎತ್ತುವಂತಿರಲಿಲ್ಲ, ಕರಿದದ್ದನ್ನು ತಿನ್ನುವಂತಿರಲಿಲ್ಲ, ಎಲ್ಲಕ್ಕಿಂತ ಮುಖ್ಯವಾಗಿ ಒಲೆಯ ಮೇಲೆ ಎಣ್ಣೆ ಇಡುವಂತಿರಲಿಲ್ಲ. ಯಾವುದಾದರೂ ಒಂದು ಮನೆಯಲ್ಲಿ ಸಾಸಿವೆ ಸಿಡಿದರೆ ಸಾಕು, ಹಿಡಿದ ವಾರಗಳೆಲ್ಲ ಕೆಟ್ಟು ಇಡೀ ಊರು ಮೊದಲಿನಿಂದ ಶುರುಮಾಡಬೇಕು. ಮೂರು ಮಂಗಳವಾರ ಬೇಯಿಸಿದ ಹುರುಳಿಯನ್ನೂ ಒಗ್ಗರಣೆಯಿಲ್ಲದ ಸಾರನ್ನೂ ಉಂಡಿದ್ದ ಊರು ನಾಲ್ಕನೆಯದಕ್ಕೆ ಮನಸ್ಸು ಗಟ್ಟಿಮಾಡಿಕೊಳ್ಳುತ್ತಿತ್ತು. ಅಂಥ ಊರಿನಲ್ಲಿ ನಾಳೆ ನಡುಮಧ್ಯಾಹ್ನ ಬಾಣಲೆ ತುಂಬ ಎಣ್ಣೆ ಕಾಯಿಸಿ ಮೀನು ಕರಿಯಬೇಕಾದವಳು ಹಾಲಮ್ಮ.

ಕರಿಯದೆ ಬಿಡುವಂತೆಯೂ ಇರಲಿಲ್ಲ. ಅವಳ ಗಂಡ ಮಾಸ್ತಪ್ಪ ಸಾಗರದಾಚೆಯ ಅಣೆಕಟ್ಟಿನ ಕಾಲೊನಿಯಲ್ಲಿ ಒಬ್ಬ ಇಂಜಿನಿಯರರ ಮನೆಯ ಅಡುಗೆಯವನು. ಆ ಇಂಜಿನಿಯರರು ಹೆಚ್ಚಿನ ಓದಿಗೆಂದು ಇಂಗ್ಲೆಂಡಿಗೆ ಹೋಗಿ, ಬರುವಾಗ ಒಂದು ಡಿಗ್ರಿಯನ್ನೂ ಒಂದು ಚಪಲವನ್ನೂ ತಂದಿದ್ದರು. ಚಪಲವೆಂದರೆ ಹಿಟ್ಟಿನಲ್ಲಿ ಅದ್ದಿ ಕರಿದ ಮೀನು, ಬೆರಳಿನಂತೆ ಹೆಚ್ಚಿ ಕರಿದ ಆಲೂಗಡ್ಡೆ, ಪಕ್ಕದಲ್ಲಿ ಮನೆಯಲ್ಲೇ ಮಾಡಿದ ಬಿಳಿಯ ಹುಳಿ ಸಾಸು. ಅವರ ಹೆಂಡತಿ ರಾಜೇಶ್ವರಮ್ಮನವರು ಹುಟ್ಟಾ ಸಸ್ಯಾಹಾರಿ. ಗಂಡನ ಚಪಲಕ್ಕೆ ಅವರು ಅಡ್ಡ ಬರಲಿಲ್ಲ. ಅದನ್ನು ಹಿತ್ತಿಲ ಔಟ್‌ಹೌಸಿಗೆ ಸಾಗಿಸಿದರು. ಅಲ್ಲಿ ಮೀನಿನ ಒಲೆ, ಒಲೆಯ ಪಕ್ಕದಲ್ಲಿ ಒಂದು ಕೋಣೆ. ಆ ಕೋಣೆ ಸಂಸಾರವಂದಿಗನಿಗೆ ಮಾತ್ರ, ಅವನ ಹೆಂಡತಿಗೂ ಮೀನಿನ ಕೆಲಸ ಬರಬೇಕು, ಅಡುಗೆಯವನು ಸಾಮಾನು ತರಲು ಸಾಗರಕ್ಕೆ ಹೋದ ದಿನ ಸಾಹೇಬರು ಬಾಯಿ ಕಟ್ಟಿಕೊಂಡು ಕೂರುವಂತಾಗಬಾರದು ಎಂಬುದು ರಾಜೇಶ್ವರಮ್ಮನವರ ಕರಾರು.

ಹಾಲಮ್ಮನ ಮದುವೆಯಾಗಿ ಎರಡು ವರ್ಷ. ಈ ಎರಡು ವರ್ಷ ಮಾಸ್ತಪ್ಪ ಹಬ್ಬಕ್ಕೆ ಬಂದು ಹೋಗುವ ನೆಂಟನಾಗಿದ್ದ. ಅವನ ಮುಖ ಸರಿಯಾಗಿ ಗುರುತು ಹತ್ತುವಷ್ಟರಲ್ಲಿ ಸೊರಬದ ಬಸ್ಸಿನ ಹೊತ್ತಾಗುತ್ತಿತ್ತು. ಕೋಣೆ ಸಿಕ್ಕರೆ ಅವಳೂ ಆ ಬಸ್ಸು ಹತ್ತಬಹುದು. ಆದರೆ ಅದೇ ಕೋಣೆಯ ಮೇಲೆ ಕಣ್ಣಿಟ್ಟ ಅದೇ ಮನೆಯ ಇನ್ನೊಬ್ಬ ಅಡುಗೆಯವನು ತೀರ್ಥಹಳ್ಳಿ ಕಡೆಯಿಂದ ಹೆಂಡತಿಯನ್ನು ಕರೆತಂದು ಕಾಲೊನಿಯಲ್ಲೇ ನಿಲ್ಲಿಸಿದ್ದ. ರಾಜೇಶ್ವರಮ್ಮನವರು ನ್ಯಾಯವಂತರು. ದಾವಣಗೆರೆಯ ತವರಿನಿಂದ ಮರಳುವಾಗ ಹಾಲಮ್ಮನ ಮನೆಯಲ್ಲೇ ಇಳಿದು, ಅವಳು ಕರಿಯುವುದನ್ನು ಕಣ್ಣಾರೆ ನೋಡಿ, ಮನೆ ಮುಟ್ಟಿದೊಡನೆ ಕೋಣೆ ಯಾರಿಗೆಂದು ಹೇಳುತ್ತೇನೆ ಅಂದಿದ್ದರು. ಸೋಮವಾರ ಬರಬೇಕಾದವರನ್ನು ಜೀಪು ಮಂಗಳವಾರಕ್ಕೆ ತಳ್ಳಿತ್ತು. ಅವರನ್ನು ಬುಧವಾರಕ್ಕೆ ತಳ್ಳುವ ಶಕ್ತಿ ಮತ್ತಿಕೊಪ್ಪದಲ್ಲಿ ಯಾರಿಗೂ ಇರಲಿಲ್ಲ.

ಉಳಿದದ್ದೆಲ್ಲ ಸಿದ್ಧವಿತ್ತು. ಹಿಂದಿನ ವಾರ ಊರ ಗಂಡಸರೆಲ್ಲ ಮೀನಿನ ಮೇಲೆ ಕವುಚುವ ಬಿದಿರಿನ ಕೂಣಿ ಹಿಡಿದು ಕೆರೆಬೇಟೆಗೆ ಇಳಿದಾಗ ಮಾವ ಧರ್ಮಪ್ಪನ ಪಾಲಿಗೆ ಎರಡು ಕೊರವ ಮೀನು ಬಿದ್ದಿದ್ದವು. ಮೀನು ಹಿಡಿದುಕೊಟ್ಟು, ಹಾಲು ಕೊಡುವ ಕುರಿಗಳನ್ನು ಮನೆಯಲ್ಲೇ ಬಿಟ್ಟು, ಮಾವ ಉಳಿದ ಹಿಂಡಿನ ಜೊತೆ ಹೊರಟುಹೋಗಿದ್ದ. ಕೊರವ ಒಂದಿಷ್ಟು ನೀರಿದ್ದರೆ ದಿನಗಟ್ಟಲೆ ಬದುಕುವ ಪ್ರಾಣಿ. ಅವೆರಡೂ ಹಿತ್ತಿಲ ಬಾನಿಯಲ್ಲಿ ಸುತ್ತು ಹಾಕುತ್ತ ರಾಜೇಶ್ವರಮ್ಮನವರ ದಾರಿ ನೋಡುತ್ತಿದ್ದವು.

“ನಾಳೆನಂತೆ ಅತ್ತೆ,” ಎಂದಳು ಹಾಲಮ್ಮ ಮನೆಗೆ ಬಂದು.

ಅತ್ತೆ ಮಾಳಮ್ಮ ಪಡಸಾಲೆಯಲ್ಲಿ ಕೂತು ಉಣ್ಣೆ ಹಿಂಜುತ್ತಿದ್ದಳು. ಕುರಿ, ಉಣ್ಣೆ, ಮಗ, ಸೊಸೆ, ಯಾವುದರ ಬಗ್ಗೆ ಮಾತಾಡುವಾಗಲೂ ಅವಳ ದನಿ ಒಂದೇ.

“ನಾಳೆ ವಾರ.”

“ಹೂಂ.”

“ಹಂಗಾರೆ ಆಗಾದಿಲ್ಲ. ಬಾನಿ ಮೀನು ಬುಧವಾರ ಸಾರು ಮಾಡು.”

“ಗೌಡ್ರನ್ನ ಒಂದು ಮಾತು ಕೇಳಿ ಬರ್ತೀನಿ.”

“ಕೇಳು. ಕೇಳಾಕೆ ಎಣ್ಣೆ ಬೇಕಾಗಿಲ್ಲ.” ಮಾಳಮ್ಮ ಉಣ್ಣೆಯ ಮುದ್ದೆಯೊಂದನ್ನು ಬಿಡಿಸಿದಳು. “ಅಲ್ಲ, ನೀ ಹೋದ್ರೆ ಕುರಿ ಹಾಲು ಕರೆಯಾರ್ಯಾರು? ಆ ಇಂಜಿನಿಯರ್ ಬರ್ತಾನೇನು?”

ಅತ್ತೆ ಈ ಪ್ರಶ್ನೆಯನ್ನು ಯುಗಾದಿಯಿಂದ ಕೇಳುತ್ತಿದ್ದಳು.

ಊರಗೌಡ ಹುಚ್ಚರಾಯಪ್ಪ ಕಟ್ಟೆಯ ಮೇಲೆ ಕೂತು ಸುಟ್ಟ ಶೇಂಗಾ ತಿನ್ನುತ್ತಿದ್ದ. ನಾಳೆ ಎಣ್ಣೆಯದು ಏನೂ ಸಿಗುವುದಿಲ್ಲವೆಂದು ಎಣ್ಣೆಕಾಳನ್ನೇ ತಿನ್ನುತ್ತಿರುವಂತೆ ಕಂಡಿತು. ಹಾಲಮ್ಮ ಹೇಳಿದ್ದನ್ನೆಲ್ಲ ಕೇಳಿ, ಸಿಪ್ಪೆ ಕೊಡವಿ, ತೀರ್ಪು ಹೇಳಿದ.

“ನೋಡವ್ವ, ನಿನ್ನ ಮ್ಯಾಲೆ ನನಗೆ ಸಿಟ್ಟಿಲ್ಲ. ನಾನೂ ಹುರುಳಿ ತಿಂದು ತಿಂದು ಕುದುರಿ ಆಗೀನಿ. ಆದ್ರೆ ಊರ ಗಡಿ ಒಳಗೆ ಒಲಿ ಮ್ಯಾಲೆ ಎಣ್ಣಿ ಇಡಂಗಿಲ್ಲ. ಗಡಿ ಆಚೆ ಏನಾರ ಮಾಡ್ಕ. ಅದು ಸೊರಬ ತಾಲೂಕು. ಅಲ್ಲಿ ನನ್ನ ಮಾತು ನಡೆಯಾದಿಲ್ಲ.”

ಹಾಲಮ್ಮ ಮನೆಗೆ ಬರುವಾಗ ಓಡಿದಳೆಂದೇ ಹೇಳಬೇಕು. ಮಾಳಮ್ಮನ ಮನೆ ಊರಿನ ಕಟ್ಟಕಡೆಯ ಮನೆ. ಹಿತ್ತಿಲು ಮುಗಿದಲ್ಲಿ ಸೊಂಟದೆತ್ತರದ ಮಣ್ಣಿನ ಬದು. ಬದುವಿನ ಈಚೆಯದು ಶಿಕಾರಿಪುರ ತಾಲೂಕು, ಆಚೆಯದು ಸೊರಬ ತಾಲೂಕು. ಆಚೆಗೆ ಒಲೆ ಹೂಡಿದರೆ ತೀರಿತು.

ತೀರಲಿಲ್ಲ. ಮಂಗಳವಾರ ಹೊತ್ತು ಹುಟ್ಟುವ ಮೊದಲೇ ಅವಳು ಮೀನು ಹಸನುಮಾಡಿ, ಮುಳ್ಳು ಬಿಡಿಸಿ, ಅಂಗೈಯಷ್ಟಗಲದ ತೆಳು ತುಂಡು ಮಾಡಿ, ಉಪ್ಪು ಅರಿಸಿನ ಸವರಿ ಇಟ್ಟಳು. ಮೂರು ಕಲ್ಲು ಹೊತ್ತು ಬದು ಹತ್ತಿದಾಗ ಆಚೆಯ ಹೊಲದ ಯಜಮಾನ, ಕುಪ್ಪಗಡ್ಡೆಯ ಗಂಗಾಧರಪ್ಪ, ಗೊಬ್ಬರದ ಗಾಡಿ ಇಳಿಸುತ್ತಿದ್ದವನು ನಿಂತು ನೋಡಿದ. ಹಣೆಯ ತುಂಬ ವಿಭೂತಿ, ಕೊರಳಲ್ಲಿ ಲಿಂಗ. ಒಳ್ಳೆಯ ಮನುಷ್ಯ. ಅವಳ ಕಷ್ಟ ಕೇಳಿ ಮರುಗಿದ.

“ಒಲೆ ಹೂಡ್ಕಳೇ ತಾಯಿ, ಅದಕ್ಕೇನಂತೆ. ನಮ್ಮ ಊರಿಗೆ ವಾರ ಇಲ್ಲ. ಎಣ್ಣೆ ಇಡು, ಬಟಾಟೆ ಕರಿ, ಬೇಕಾದ್ರೆ ಕಟ್ಟಿಗೆ ನಾ ಕೊಡ್ತೆ. ಆದ್ರೆ ಮೀನು ಮಾತ್ರ ನಮ್ಮ ಹೊಲಕ್ಕೆ ಬರೋದು ಬ್ಯಾಡ.”

“ಮೀನೇ ಅಲ್ಲೇನ್ರಿ ಮುಖ್ಯ?”

“ನಿಂಗೆ ಮುಖ್ಯ ಮಾರಾಯ್ತಿ. ನಂಗೆ ಹೊಲ ಮುಖ್ಯ. ಮೀನು ಬಿದ್ದ ಎಣ್ಣೆನೂ ಮತ್ತೆ ನಮ್ಮ ಕಡೆ ಬರೋದು ಬ್ಯಾಡ. ಒಂದು ಸಲ ಹೋತು ಅಂದ್ರೆ ಹೋತು.”

ಹಾಲಮ್ಮ ಬದುವಿನ ಮೇಲೆ ಕುಳಿತಳು. ಈಚೆ ಎಣ್ಣೆಗೆ ನಿಷೇಧ, ಆಚೆ ಮೀನಿಗೆ ನಿಷೇಧ. ಸೂರ್ಯ ಮಾತ್ರ ಯಾವ ತಾಲೂಕನ್ನೂ ಲೆಕ್ಕಿಸದೆ ಏರುತ್ತಿದ್ದ. ತೀರ್ಥಹಳ್ಳಿ ಕಡೆಯ ಆ ಹೆಂಗಸು ಈ ಹೊತ್ತಿಗೆ ಎದ್ದು ಕೋಣೆಯ ಗೋಡೆಗೆ ಎಲ್ಲಿ ಮೊಳೆ ಹೊಡೆಯಬೇಕೆಂದು ನೋಡುತ್ತಿರಬಹುದು.

ಅವಳು ಗೌಡನ ಮಾತನ್ನು ಮತ್ತೊಮ್ಮೆ ಮನಸ್ಸಿನಲ್ಲಿ ಆಡಿಕೊಂಡಳು. ಒಲೆಯ ಮೇಲೆ ಎಣ್ಣೆ ಇಡಕೂಡದು. ಒಲೆಯ ಮೇಲೆ! ನೆಲದ ಮೇಲಿಟ್ಟರೆ?

ಅವಳು ಎದ್ದಳು. ಆಚೆಯ ಹೊಲದಲ್ಲಿ ಎಣ್ಣೆಯನ್ನು ಹೊಗೆಯಾಡುವ ತನಕ ಕಾಯಿಸುವುದು. ಬಾಣಲೆಯನ್ನು ಎತ್ತಿ ಬದು ದಾಟಿಸಿ ಈಚೆಯ ಹಿತ್ತಿಲಿನ ನೆಲದ ಮೇಲಿಡುವುದು. ಆರುವ ಮೊದಲೇ ಮೀನು ಬಿಡುವುದು. ಎಣ್ಣೆ ಕಾದದ್ದು ಸೊರಬದಲ್ಲಿ, ಮೀನು ಕರಿದದ್ದು ಶಿಕಾರಿಪುರದಲ್ಲಿ. ಒಂದೇ ದಾಟು, ಒಂದೇ ಕರಿ. ಕೆಟ್ಟರೆ ಎರಡನೆಯ ಸಲ ಇಲ್ಲ.

ಹುಚ್ಚರಾಯಪ್ಪ ಈ ಏರ್ಪಾಟನ್ನು ಕೇಳಿ ಬಹಳ ಹೊತ್ತು ಮೀಸೆ ಎಳೆದ. “ತಪ್ಪು ಅನ್ನಾಕೆ ಬರಾದಿಲ್ಲ, ಸರಿ ಅನ್ನಾಕೂ ಬಾಯಿ ಬರವಲ್ದು,” ಎಂದು, ನೇಮ ಮುರಿಯದಂತೆ ನೋಡಿಕೊಳ್ಳಲು ತಾನೇ ಬಂದು ಬದುವಿನ ಪಕ್ಕ ನಿಂತ. ಗಂಗಾಧರಪ್ಪ ತನ್ನ ನೇಮಕ್ಕಾಗಿ ಆಚೆ ನಿಂತ. ಇಬ್ಬರೂ ಪರಸ್ಪರ ಮಳೆ ಬೆಳೆ ವಿಚಾರಿಸಿಕೊಂಡರು.

“ಅತ್ತೆ, ಬಾಣಲೆಗೆ ಒಂದು ಕೈ ಹಿಡೀತೀರಾ?” ಎಂದು ಹಾಲಮ್ಮ ಕೇಳಿದಳು.

“ನಿನ್ನ ಬಾಣಲೆ, ನಿನ್ನ ಕೈ,” ಎಂದು ಮಾಳಮ್ಮ ಉಣ್ಣೆಯ ಬುಟ್ಟಿ ಎತ್ತಿಕೊಂಡು ಹೊರಗೆ ಹೋದಳು.

ಜೀಪು ನಡುಮಧ್ಯಾಹ್ನ ಬಂತು. ರಾಜೇಶ್ವರಮ್ಮನವರು ಕೊಡೆ ಬಿಚ್ಚಿಕೊಂಡು ಇಳಿದರು. ಡ್ರೈವರ್ ಜಟ್ಟಪ್ಪ ಇಳಿದೊಡನೆ ಗಾಳಿಯಲ್ಲಿ ಏನನ್ನೋ ಹುಡುಕಿದ. ಗೌಡನ ಮನೆಯಿಂದ ತಂದ ಕುರ್ಚಿಯನ್ನು ಹಿತ್ತಿಲಿನ ಬೇವಿನ ಮರದಡಿ ಹಾಕಿದ್ದರು.

“ಒಲೆ ಎಲ್ಲಿ?” ಎಂದರು ರಾಜೇಶ್ವರಮ್ಮ ಕೂತುಕೊಳ್ಳುತ್ತ.

“ಸೊರಬ ತಾಲೂಕಿನಾಗ ಐತ್ರಿ,” ಎಂದಳು ಹಾಲಮ್ಮ.

“ಮೀನು?”

“ಶಿಕಾರಿಪುರ ತಾಲೂಕಿನಾಗ್ರಿ.”

ಗೌಡ ಮುಂದೆ ಬಂದು ಕಾರಣವನ್ನೆಲ್ಲ ವಿವರಿಸಿದ. ರಾಜೇಶ್ವರಮ್ಮ ಅಚ್ಚರಿಪಡಲಿಲ್ಲ. “ನಮ್ಮ ಮನೇಲೂ ಹೀಗೇ ಇದೆ. ನಡುವೆ ಒಂದು ಅಂಗಳ ಇದೆ, ಅಷ್ಟೆ. ಶುರುಮಾಡಮ್ಮ.”

ಹಾಲಮ್ಮ ಬದು ದಾಟಿದಳು. ಶೇಂಗಾ ಎಣ್ಣೆ ಆಗಲೇ ಕಾದಿತ್ತು. ಉಪ್ಪುನೀರಿನಲ್ಲಿ ನೆನೆದ ಆಲೂಗಡ್ಡೆಯನ್ನು ಬಟ್ಟೆಯಲ್ಲಿ ಒತ್ತಿ ಒರಸಿ ಎಣ್ಣೆಗೆ ಬಿಟ್ಟಳು. ಬಣ್ಣ ಬರುವ ಮೊದಲೇ ತೆಗೆದು ಮುತ್ತುಗದ ಎಲೆಯ ಮೇಲೆ ಹರಡಿ, ತುಸು ಆರಿದ ಮೇಲೆ ಮತ್ತೆ ಬಿಟ್ಟು ಹೊಂಬಣ್ಣಕ್ಕೆ ತಂದಳು. ಇದು ಮಾಸ್ತಪ್ಪ ಯುಗಾದಿಗೆ ಬಂದಾಗ ಕಲಿಸಿದ ಕ್ರಮ. ಎರಡು ದಿನದ ರಜೆಯಲ್ಲಿ ಒಂದು ದಿನ ಅವನು ಇದನ್ನೇ ಕಲಿಸಿದ್ದ. ಸಾಸು ಮಾತ್ರ ಅವನು ಕಲಿಸಿದಂತಿರಲಿಲ್ಲ. ಅವನದಕ್ಕೆ ಹಸಿಮೊಟ್ಟೆ ಬೇಕು. ಮೊಟ್ಟೆಯದನ್ನು ರಾಜೇಶ್ವರಮ್ಮ ಬಾಯಿಗೆ ಹಾಕುವುದಿಲ್ಲವೆಂದು ಹಾಲಮ್ಮ ಕುರಿಹಾಲಿನ ಗಟ್ಟಿ ಮೊಸರನ್ನು ಬಟ್ಟೆಯಲ್ಲಿ ಕಟ್ಟಿ ತೂಗುಹಾಕಿ, ನೀರಿಳಿದ ಮೇಲೆ ಅದಕ್ಕೆ ಅರೆದ ಸಾಸಿವೆ, ಸಣ್ಣಗೆ ಕೊಚ್ಚಿದ ಈರುಳ್ಳಿ, ಉಪ್ಪುನೀರ ಮಾವಿನಕಾಯಿಯ ಚೂರು ಸೇರಿಸಿದ್ದಳು.

ಮೀನು ಇನ್ನೂ ಎಣ್ಣೆ ಕಾಣದ್ದರಿಂದ ರಾಜೇಶ್ವರಮ್ಮ ಆಲೂಗಡ್ಡೆಯ ಒಂದು ಕಡ್ಡಿಯನ್ನು ಸಾಸಿನಲ್ಲಿ ಅದ್ದಿ ತಿಂದರು. ಗಂಗಾಧರಪ್ಪನಿಗೂ ಒಂದು ಎಲೆ ಹೋಯಿತು. ಹುಚ್ಚರಾಯಪ್ಪ ಮುಖ ತಿರುಗಿಸಿ ನಿಂತ. ಅವನ ಗಂಟಲು ಮಾತ್ರ ಮೇಲೆ ಕೆಳಗೆ ಆಡಿತು.

“ಹೂಂ,” ಎಂದರು ರಾಜೇಶ್ವರಮ್ಮ. ಇನ್ನೊಂದು ತಿಂದು, “ಇನ್ನು ಮೀನು,” ಎಂದರು.

ಎಣ್ಣೆಯಿಂದ ತೆಳ್ಳಗೆ ಹೊಗೆ ಎದ್ದಿತು. ಬಾಣಲೆಯ ಎರಡು ಕಿವಿಗಳ ಮೂಲಕ ಒಂದು ಹಸಿ ಬಿದಿರಿನ ಗಳು ತೂರಿಸಿದ್ದಾಗಿತ್ತು. ಒಂದು ತುದಿಗೆ ಹಾಲಮ್ಮ. ಇನ್ನೊಂದು ತುದಿಗೆ, ಯಾವ ವಾರವೂ ತನ್ನನ್ನು ಕಟ್ಟುವುದಿಲ್ಲವೆಂದು ಜಟ್ಟಪ್ಪ ತಾನಾಗಿ ಬಂದು ನಿಂತ.

“ಜೀಪು ಓಡಿಸ್ದಂಗೆ ಓಡಿಸಬ್ಯಾಡಣ್ಣ,” ಎಂದಳು ಹಾಲಮ್ಮ.

“ಜೀಪು ನಿನ್ನೆ ಓಡಿದ್ರೆ ನಿಂಗೆ ಈ ಗತಿ ಯಾಕ್ ಬರ್ತಿತ್ತು?”

ಬಾಣಲೆ ಎದ್ದಿತು. ಹೆಜ್ಜೆಯ ಮೇಲೆ ಹೆಜ್ಜೆ. ಬದುವಿನ ಬುಡದಲ್ಲಿ ಹಾಲಮ್ಮ ಹಿಮ್ಮುಖವಾಗಿ ಏರಿದಳು. ಎಣ್ಣೆ ಒಂದು ಅಂಚಿಗೆ ಬಂದು, ಯೋಚಿಸಿ, ಹಿಂದಕ್ಕೆ ಸರಿಯಿತು. ಬದುವಿನ ನೆತ್ತಿಯಲ್ಲಿ, ಸರಿಯಾಗಿ ಎರಡು ತಾಲೂಕುಗಳ ನಡುವೆ, ಜಟ್ಟಪ್ಪನ ಕಾಲಡಿಯ ಒಣಮಣ್ಣು ಕುಸಿಯಿತು. ಗಳು ವಾಲಿತು. ಒಂದು ಹಿಡಿಯಷ್ಟು ಎಣ್ಣೆ ಹಾರಿ ಒಣಹುಲ್ಲಿನ ಮೇಲೆ ಬಿದ್ದು ಬುಸುಗುಟ್ಟಿತು. ಹಾಲಮ್ಮ ಮಂಡಿಯೂರಿ ತನ್ನ ತುದಿಯನ್ನು ತಗ್ಗಿಸಿದಳು. ಬಾಣಲೆ ಸಮಕ್ಕೆ ಬಂತು. ಬಾಣಲೆ ಶಿಕಾರಿಪುರ ತಾಲೂಕಿನ ನೆಲಕ್ಕೆ ಇಳಿಯಿತು.

ಹಾಲಮ್ಮ ಅಕ್ಕಿಹಿಟ್ಟು ಕಡಲೆಹಿಟ್ಟಿನ ತೆಳು ಕಲಸಿನಲ್ಲಿ ಮೀನಿನ ತುಂಡುಗಳನ್ನು ಅದ್ದಿ ಅದ್ದಿ ಬಿಟ್ಟಳು. ಎಣ್ಣೆ ಭೋರೆಂದಿತು. ಮೂರು ಮಂಗಳವಾರ ಕೇಳದ ಸದ್ದು ಅದು. ಹಿತ್ತಿಲ ಬೇಲಿಯ ಮೇಲೆ ಒಂದೊಂದಾಗಿ ತಲೆಗಳು ಮೂಡಿದವು.

ಆಮೇಲೆ ಸದ್ದು ಇಳಿಯತೊಡಗಿತು.

ಅಷ್ಟು ಬೇಗ ಇಳಿಯುತ್ತದೆಂದು ಅವಳು ಎಣಿಸಿರಲಿಲ್ಲ. ತಣ್ಣನೆಯ ಮೀನು ಎಣ್ಣೆಯ ಕಾವನ್ನೆಲ್ಲ ಕುಡಿದಿತ್ತು. ಗುಳ್ಳೆಗಳು ಸಣ್ಣವಾದವು, ದೂರದೂರವಾದವು. ಹಿಟ್ಟು ಬಿಳಿಯಾಗಿಯೇ ಉಳಿದು ಎಣ್ಣೆ ಹೀರತೊಡಗಿತು. ಇನ್ನು ತುಸು ಹೊತ್ತಾದರೆ ಅದು ಕರಿದ ಮೀನಲ್ಲ, ಎಣ್ಣೆಯಲ್ಲಿ ನೆನೆದ ಮೀನು. ಆಚೆ ಒಲೆ ಧಗಧಗ ಉರಿಯುತ್ತಿತ್ತು. ಗಂಗಾಧರಪ್ಪ ಬದುವಿಗೆ ಅಡ್ಡ ನಿಂತಿದ್ದ. ಗೌಡನ ಕಣ್ಣು ಅವಳ ಕೈಯ ಮೇಲಿತ್ತು. ರಾಜೇಶ್ವರಮ್ಮ ಕುರ್ಚಿಯಿಂದ ಮುಂದಕ್ಕೆ ಬಾಗಿದರು.

“ಸದ್ದು ನಿಂತುಹೋಯಿತಲ್ಲ?” ಎಂದರು.

ಹಾಲಮ್ಮ ಜಾಲರಿಯಿಂದ ಒಂದು ತುಂಡನ್ನು ಹೊರಳಿಸಿ ನೋಡಿದಳು. ಕೋಣೆ ಕಣ್ಣೆದುರಿಗೇ ತಣ್ಣಗಾಗುತ್ತಿತ್ತು.

“ಸರೀರಿ, ಸರೀರಿ. ಕಾಲಿಗೆ ತಾಗಿದ್ರೆ ನನ್ನ ಕೇಳಬ್ಯಾಡ್ರಿ.”

ದನಿ ಆಚೆಯಿಂದ ಬಂತು. ಮಾಳಮ್ಮ ಬದು ಇಳಿದು ಬರುತ್ತಿದ್ದಳು. ಕೈಯಲ್ಲಿ ಸಲಿಕೆ, ಸಲಿಕೆಯ ಮೇಲೆ ಬೂದಿಬಣ್ಣದ ಐದಾ‌ರು ಹಳ್ಳದ ಕಲ್ಲು. ಅವುಗಳ ಸುತ್ತ ಗಾಳಿ ನಡುಗುತ್ತಿತ್ತು. ಕುರಿ ಕಾಯುವವರು ಅಡವಿಯಲ್ಲಿ ಮರದ ಬೋಗುಣಿಯ ಹಾಲನ್ನು ಕಾಯಿಸಲು ಹೀಗೆ ಕಲ್ಲು ಸುಟ್ಟು ಒಳಗೆ ಬಿಡುತ್ತಾರೆ. ಈ ಕಲ್ಲುಗಳಿಗೆ ಅಷ್ಟು ಕಾವೇರಬೇಕಾದರೆ ಬೆಳಿಗ್ಗೆ ಒಲೆ ಹೊತ್ತಿಸಿದಾಗಲೇ ಕೆಂಡದಲ್ಲಿ ಹುಗಿದಿರಬೇಕು. ಹಾಲಮ್ಮನಿಗೆ ಅದು ತಟ್ಟನೆ ಹೊಳೆಯಿತು. ಅವಳು ಅತ್ತೆಯ ಮುಖ ನೋಡಿದಳು. ಅತ್ತೆ ಅವಳನ್ನು ನೋಡುತ್ತಿರಲಿಲ್ಲ.

“ನಿಲ್ಲು ಮಾಳಮ್ಮ,” ಎಂದ ಗೌಡ. “ಅದೇನದು?”

“ಕಲ್ಲು.”

“ಬಿಸಿ ಐತಿ?”

“ಬಿಸಿಲಿಗೆ ಊರಾಗಿನ ಕಲ್ಲೆಲ್ಲ ಬಿಸಿನೇ ಅದಾವು. ಒಲಿ ಅಲ್ಲ, ಉರಿ ಅಲ್ಲ. ಕಲ್ಲಿಗೂ ವಾರ ಐತೇನು ಗೌಡ್ರೆ?”

ಹುಚ್ಚರಾಯಪ್ಪ ಆಕಾಶ ನೋಡಿದ. ಬೇಲಿಯ ಮೇಲಿನ ತಲೆಗಳನ್ನು ನೋಡಿದ. ಅಷ್ಟರಲ್ಲಿ ಮೀನಿನ ವಾಸನೆ ಅವನ ಮೂಗಿನವರೆಗೂ ಬಂದಿತ್ತು.

“ಕಲ್ಲಿಗೆ ಹಿಂದಿನಾರು ಏನೂ ಹೇಳಿಲ್ಲ,” ಎಂದ.

ಮಾಳಮ್ಮ ಬಾಣಲೆಯ ಅಂಚಿನಲ್ಲಿ ಒಂದೊಂದೇ ಕಲ್ಲು ಜಾರಿಸಿದಳು. ಎಣ್ಣೆ ಗೊಣಗಿತು, ಮತ್ತೆ ಭೋರೆಂದಿತು. ಗುಳ್ಳೆಗಳು ಮೀನನ್ನು ಎತ್ತಿ ಎತ್ತಿ ಹೊರಳಿಸಿದವು. ಹಿಟ್ಟಿಗೆ ಬಣ್ಣ ಬಂತು, ಅಂಚು ಗರಿಗರಿಯಾಯಿತು. ಹಾಲಮ್ಮ ಒಂದೊಂದೇ ತುಂಡನ್ನು ಜಾಲರಿಯಲ್ಲಿ ಎತ್ತಿ ಎಲೆಗೆ ಹಾಕಿದಳು. ಪಕ್ಕದಲ್ಲಿ ಆಲೂಗಡ್ಡೆ, ಒಂದು ದೊನ್ನೆ ಸಾಸು.

ಈಗ ಇನ್ನೊಂದು ತೊಡಕು ಎದುರಾಯಿತು. ರಾಜೇಶ್ವರಮ್ಮ ಮೀನು ತಿನ್ನುವುದಿಲ್ಲ. ಗಂಗಾಧರಪ್ಪ ತಿನ್ನುವುದಿಲ್ಲ. ಊರವರು ಈ ದಿನ ತಿನ್ನುವಂತಿಲ್ಲ. ಎಲ್ಲರ ಕಣ್ಣೂ ಜಟ್ಟಪ್ಪನ ಕಡೆ ತಿರುಗಿತು. ಅವನು ಆಗಲೇ ಕೈ ತೊಳೆದು ಕೂತಿದ್ದ.

ಜಟ್ಟಪ್ಪ ಒಂದು ತುಂಡು ಮುರಿದ. ಮುರಿದ ಸದ್ದು ಬೇಲಿಯವರೆಗೂ ಕೇಳಿಸಿತು. ಸಾಸಿನಲ್ಲಿ ಅದ್ದಿ ಬಾಯಿಗಿಟ್ಟ. ಅಗಿದ. ಕಣ್ಣು ಮುಚ್ಚಿದ.

“ಹೇಗಿದೆ?” ಎಂದರು ರಾಜೇಶ್ವರಮ್ಮ.

“ಒಂದು ತುಂಡಿಗೆ ಗೊತ್ತಾಗಲ್ಲ ಅಮ್ಮಾರೆ.”

ಎರಡನೆಯದು ಹೋಯಿತು. ಮೂರನೆಯದು ಹೋಯಿತು. ಹಾಲಮ್ಮ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ ಸುತ್ತಿ ಬಿಚ್ಚಿದಳು. ಜಟ್ಟಪ್ಪ ನಾಲ್ಕನೆಯದಕ್ಕೆ ಕೈ ಹಾಕಿದ. ಹೇಳಲು ಬಾಯಿ ಖಾಲಿಯಾಗುತ್ತಿರಲಿಲ್ಲ.

“ಜಟ್ಟಪ್ಪ, ಅದರಲ್ಲಿ ಅರ್ಧ ಸಾಹೇಬರಿಗೆ ಕಟ್ಟಿಸಿಕೊಂಡು ಹೋಗಬೇಕು.”

ಜಟ್ಟಪ್ಪ ಎಲೆಯನ್ನು ನೋಡಿದ. ಎಲೆಯ ಮೇಲೆ ಆಲೂಗಡ್ಡೆಯ ಎರಡು ಕಡ್ಡಿ ಉಳಿದಿದ್ದವು. “ಸಾಹೇಬ್ರಿಗೆ ಬಿಸಿಬಿಸಿ ಅಲ್ಲೇ ಮಾಡಿಸಿಕೊಂಡ್ರೆ ಚೆಂದ ಅಮ್ಮಾರೆ,” ಎಂದ.

ರಾಜೇಶ್ವರಮ್ಮ ಎದ್ದು ಕೊಡೆ ಬಿಚ್ಚಿದರು.

“ಯಾವಾಗ ಬರ್ತೀಯ ಹಾಲಮ್ಮ?”

ಹಾಲಮ್ಮನ ಕಣ್ಣು ಅತ್ತೆಯ ಕಡೆ ಹೋಯಿತು. ಮಾಳಮ್ಮ ಸಲಿಕೆಯ ಬೂದಿ ಕೊಡವುತ್ತಿದ್ದಳು.

“ನಾಳೆ ಬಸ್ಸಿಗೆ ಬರ್ತಾಳ್ರಿ,” ಎಂದಳು ಮಾಳಮ್ಮ. “ಇವತ್ತು ಬ್ಯಾಡ. ವಾರದ ದಿನ ಹೆಣ್ಣುಮಕ್ಕಳನ್ನ ಹೊರಡಸಾದಿಲ್ಲ.”

ಜೀಪು ಹೋಯಿತು. ಗಂಗಾಧರಪ್ಪ ಒಲೆಯ ಕಲ್ಲು ಬೇರೆಮಾಡಿ ಗೊಬ್ಬರದ ಗಾಡಿಗೆ ಮರಳಿದ. ಗೌಡ, ಮುಂದಿನ ಮಂಗಳವಾರ ಇಂಥದ್ದೇನೂ ಇಲ್ಲವಷ್ಟೆ ಎಂದು ಕೇಳಿ, ಇಲ್ಲವೆಂದಾಗ ಯಾಕೋ ಮುಖ ಸಣ್ಣದು ಮಾಡಿಕೊಂಡು ಹೋದ. ಬೇಲಿಯ ತಲೆಗಳು ಹುರುಳಿಯ ಕಡೆಗೆ ಇಳಿದವು.

ಅತ್ತೆ ಸೊಸೆ ಬಾಣಲೆ ಆರುವ ತನಕ ಬೇವಿನ ಮರದಡಿ ಕೂತರು. ದೊನ್ನೆಯ ತಳದಲ್ಲಿ ಸ್ವಲ್ಪ ಸಾಸು ಉಳಿದಿತ್ತು. ಮಾಳಮ್ಮ ಅದಕ್ಕೆ ಬೆರಳಿಟ್ಟು ನೆಕ್ಕಿದಳು. ಇನ್ನೊಮ್ಮೆ ಬೆರಳಿಟ್ಟಳು.

“ಇದನ್ನ ಹೆಂಗ್ ಮಾಡಿದಿ?”

“ಮೊಸರು ಕಟ್ಟಬೇಕು ಅತ್ತೆ. ಒಂದು ರಾತ್ರಿ.”

“ಅದು ಗೊತ್ತೈತಿ. ಮುಂದಿಂದು ಹೇಳು. ಸಾಸಿವೆ ಎಷ್ಟು?”

“ಒಂದು ಚಿಟಿಕೆ.”

“ನಿನ್ನ ಚಿಟಿಕೆನೋ, ನನ್ನ ಚಿಟಿಕೆನೋ?”

ಹಾಲಮ್ಮ ಅತ್ತೆಯ ದಪ್ಪ ಬೆರಳುಗಳನ್ನು ನೋಡಿ, ಅವುಗಳ ಲೆಕ್ಕದಲ್ಲಿ ಮೊದಲಿನಿಂದ ಹೇಳತೊಡಗಿದಳು.